ನೆಟ್ ಇಲ್ಲ, ಮ್ಯಾಪ್ ಇಲ್ಲ: ಝೆಲ್ಡಾದಲ್ಲಿ ಅಡಗಿಸಿಟ್ಟ ಬೀಜ ಹುಡುಕೋದು ಹೇಗೆ?

ಮಂಜುಮುಸುಕು · ಜುಲೈ 18, ಸಂಜೆ 5:10

ಎಲ್ಲರಿಗೂ ನಮಸ್ಕಾರ. ಸೋಮವಾರಪೇಟೆಯಿಂದ ಇನ್ನೂ ಒಳಗೆ ನಮ್ಮೂರು. ಮೂರು ದಿನದಿಂದ ಕರೆಂಟಿಲ್ಲ. ಸಿಲ್ವರ್ ಮರವೊಂದು ಲೈನ್ ಮೇಲೆ ಮಲಗಿದೆ, ಬಂದು ನೋಡಿದವರು "ಮಳೆ ಒಂಚೂರು ಬಿಡಲಿ" ಅಂದು ಹೋದರು. ಜುಲೈಯಲ್ಲಿ ಇಲ್ಲಿ ಮಳೆ ಯಾವಾಗ ಬಿಡುತ್ತೆ ಅಂತ ನಿಮಗೂ ಗೊತ್ತು, ಅವರಿಗೂ ಗೊತ್ತು. ಸಿಗ್ನಲ್ ಬೇಕಂದ್ರೆ ಕಣದಾಚೆಯ ದಿಣ್ಣೆ ಹತ್ತಬೇಕು. ಈಗ ಕೊಡೆ ಕಂಕುಳಲ್ಲಿ ಸಿಕ್ಕಿಸಿಕೊಂಡು ಅಲ್ಲೇ ನಿಂತು ಬರೀತಿದ್ದೀನಿ. ಕಾಲಿಗೆ ಆಗಲೇ ಎರಡು ಜಿಗಣೆ ಹತ್ತಿವೆ.

ವಿಷಯ ಏನಂದ್ರೆ, ಚಿಕ್ಕಪ್ಪ ದುಬೈಯಿಂದ ತಂದ ನಿಂಟೆಂಡೊ ಸ್ವಿಚ್‌ನಲ್ಲಿ (ಕೈಯಲ್ಲಿ ಹಿಡಿದು ಆಡೋ ಗೇಮ್ ಯಂತ್ರ) ಝೆಲ್ಡಾ ಬ್ರೆತ್ ಆಫ್ ದ ವೈಲ್ಡ್ ಆಡ್ತಿದ್ದೀನಿ. 2017ರ ಗೇಮನ್ನ ಈಗ ಶುರು ಮಾಡಿದ್ದೀಯಾ ಅಂತ ನಗಬೇಡಿ. ಹಳೇ ಮಾಡೆಲ್ ಸ್ವಿಚ್, ಝೆಲ್ಡಾ ಹಾಕಿದ್ರೆ ಬ್ಯಾಟರಿ ಸುಮಾರು 3 ಗಂಟೆ. ಜೀಪಿನಲ್ಲಿ ಚಾರ್ಜ್ ಮಾಡ್ಕೊಂಡು ದಿನಾ ಸಂಜೆ ಅಷ್ಟೇ ಹೊತ್ತು ಆಡೋದು.

60 ಗಂಟೆ ಆಗಿದೆ. ಸಿಕ್ಕಿದ್ದು 19 ಕೊರೊಕ್ ಬೀಜ (ಅಡಗಿ ಕೂತ ಕೊರೊಕ್ ಅನ್ನೋ ಎಲೆ ಮುಖದ ಪುಟ್ಟ ಜೀವಿಗಳನ್ನ ಕಂಡುಹಿಡಿದ್ರೆ ಕೊಡೋದು), 22 ಗುಡಿ. ಬೀಜ ಎಲ್ಲ ಚೀಲ ದೊಡ್ಡದು ಮಾಡಿಕೊಡೋ ಹೆಸ್ಟುಗೆ ಕೊಟ್ಟು ಆಯುಧದ ಜಾಗ ಐದು ಹೆಚ್ಚು ಮಾಡಿಸ್ಕೊಂಡೆ, ಈಗ ಆರನೆಯದಕ್ಕೆ 12 ಬೀಜ ಕೇಳ್ತಾನೆ ಪುಣ್ಯಾತ್ಮ. ಗುಡಿಯಲ್ಲಿ ಸಿಕ್ಕ ಮಣಿಗಳನ್ನ ನಾಲ್ಕು ನಾಲ್ಕು ಕೊಟ್ಟು ಐದೂ ಸಲ ದಮ್ಮು ಬಿಟ್ಟು ಹೃದಯಾನೇ (ಅಂದ್ರೆ ಜೀವ) ತಗೊಂಡೆ. ಈಗ ಯಾವ ಬೆಟ್ಟ ಹತ್ತೋಕೆ ಹೋದ್ರೂ ನಮ್ಮ ಹೀರೋ ಅರ್ಧದಲ್ಲೇ ಏದುಸಿರು ಬಿಟ್ಟು ಬೀಳ್ತಾನೆ. ಇಷ್ಟು ದಿನ ಫೋನಲ್ಲಿ ಮ್ಯಾಪ್ ತೆಗೆದು ಅದರ ಪ್ರಕಾರ ಹೋಗಿ ಹೆಕ್ತಿದ್ದೆ. ನೆಟ್ ಹೋದ ಮೇಲೆ ಮೂರು ಸಂಜೆಯಲ್ಲಿ ಸಿಕ್ಕಿದ ಬೀಜ ಸೊನ್ನೆ. ಮ್ಯಾಪ್ ಇಲ್ಲದೆ ಇವನ್ನ ಹುಡುಕೋದಕ್ಕೆ ಏನಾದ್ರೂ ಲೆಕ್ಕ ಇದೆಯಾ, ಇಲ್ಲಾ ಸುಮ್ನೆ ಅದೃಷ್ಟವಾ?

ಗೋಣಿಕೊಪ್ಪ_98 · ಜುಲೈ 18, ರಾತ್ರಿ 8:02

ಲೆಕ್ಕ ಎಂತದು ಮಾರಾಯ. ಒಟ್ಟು 900 ಬೀಜ. ಮನುಷ್ಯರು ಮಾಡೋ ಕೆಲಸವಾ ಅದು? ಕರೆಂಟ್ ಬಂದ ಮೇಲೆ ಮ್ಯಾಪ್ ತೆಗಿ, ಒಂದೊಂದಾಗಿ ಗುರುತು ಹಾಕ್ಕೊಂಡು ಹೋಗು, ಮುಗಿಸು. ಅಲ್ಲಿವರೆಗೆ ಮಲಗು. ಮಳೆಗಾಲದಲ್ಲಿ ನಿದ್ದೆ ಚೆನ್ನಾಗಿ ಬರುತ್ತೆ.

ವಿರಾಜಪೇಟೆ_ವೈರ್‌ಲೆಸ್ · ಜುಲೈ 18, ರಾತ್ರಿ 9:47

ಮಂಜು, ಮೊದಲು ನಿನ್ನ ಏದುಸಿರಿನ ಕಥೆ ಸರಿ ಮಾಡೋಣ. ಹಟೆನೊ ಹಳ್ಳಿಯ ಹತ್ತಿರ ಕೊಂಬಿರುವ ಒಂದು ಪ್ರತಿಮೆ ಇದೆ, ದೇವಿಯದ್ದಲ್ಲ, ಅದು ಬೇರೆ. ಅದು ನಿನ್ನ ಒಂದು ಹೃದಯ ಕಿತ್ಕೊಂಡು 100 ರೂಪಿ (ಆಟದೊಳಗಿನ ದುಡ್ಡು) ಕೊಡುತ್ತೆ, ಆಮೇಲೆ 120 ರೂಪಿ ತಗೊಂಡು ಹೃದಯದ ಬದಲು ದಮ್ಮು ಕೊಡುತ್ತೆ. ಅಂದ್ರೆ ಒಂದು ಅದಲುಬದಲಿಗೆ ನಷ್ಟ 20 ರೂಪಿ ಮಾತ್ರ. ಮೂರು ಹೃದಯ ಬದಲಾಯಿಸು, ದಮ್ಮಿನ ಚಕ್ರ ಒಂದೂವರೆ ದಾಟುತ್ತೆ. ಒಂದು ಹೃದಯದ ಬದಲಿಗೆ ಚಕ್ರದ ಐದನೇ ಒಂದು ಭಾಗ ಅನ್ನೋ ಲೆಕ್ಕ. ಮುಂದೆ ಮಾಸ್ಟರ್ ಕತ್ತಿ ಎಳೆಯೋಕೆ 13 ಹೃದಯ ಬೇಕು, ಆಗ ಮತ್ತೆ ಇದೇ ಪ್ರತಿಮೆ ಹತ್ತಿರ ಬಂದು ವಾಪಸ್ ಮಾಡಿಸ್ಕೋ. ನಾನು ಹಾಗೇ ಮಾಡಿದ್ದು. ಸ್ವಲ್ಪ ಸಾಲ ಮಾಡಿ ಮದುವೆ ಮಾಡಿದ ಹಾಗೆ, ಆದ್ರೂ ಕೆಲಸ ಆಯ್ತು.

ಇನ್ನು ಗುಡಿ. ಮೂಲ ಆಟದಲ್ಲಿ 120. ಹೀರೋ ಹತ್ತಿರ ಇರೋ ಫೋನಿನಂಥ ಸ್ಲೇಟಿನಲ್ಲಿ ಸೆನ್ಸರ್ ಇದೆಯಲ್ಲ, ಗುಡಿಯ ದಿಕ್ಕಿಗೆ ಮುಖ ಮಾಡಿದ್ರೆ ಅದರ ಪೀಂಪೀಂ ಜಾಸ್ತಿ ಆಗುತ್ತೆ. ಹಟೆನೊದ ಮೇಲಿರೋ ಲ್ಯಾಬಿನಲ್ಲಿ ಅದನ್ನ ಮೇಲ್ದರ್ಜೆಗೆ ಏರಿಸ್ಕೊಂಡ್ರೆ ಫೋಟೋ ತೆಗೆದ ವಸ್ತುಗಳನ್ನೂ ಹುಡುಕಿಕೊಡುತ್ತೆ. ನಾನು ಒಂದು ಪೆಟ್ಟಿಗೆಯ ಫೋಟೋ ತೆಗೆದು ಅದಕ್ಕೇ ಹಾಕಿ ಬಿಟ್ಟಿದ್ದೆ, ಅರ್ಧ ಆಯುಧ ಹಾಗೇ ಸಿಕ್ಕಿದ್ದು. ಮಣ್ಣಲ್ಲಿ, ಕೆರೆ ತಳದಲ್ಲಿ ಹೂತಿರೋ ಕಬ್ಬಿಣದ ಪೆಟ್ಟಿಗೆಗೆ ಮ್ಯಾಗ್ನೆಸಿಸ್ (ಸ್ಲೇಟಿನ ಅಯಸ್ಕಾಂತ ಶಕ್ತಿ) ಆನ್ ಮಾಡಿ ಸುತ್ತ ಒಂದು ಸಲ ಕಣ್ಣು ಹಾಯಿಸಿದ್ರೆ ಗುಲಾಬಿ ಬಣ್ಣದಲ್ಲಿ ಹೊಳೆಯುತ್ತೆ. ಕೊರೊಕ್‌ಗೆ ಮಾತ್ರ ಈ ಸೆನ್ಸರ್ ಯಾವುದೂ ನಡೆಯಲ್ಲ. ದುಡ್ಡು ಕೊಟ್ಟು ತಗೊಳ್ಳೋ ಹೆಚ್ಚುವರಿ ಭಾಗ ಇದ್ರೆ ಅದರಲ್ಲಿ ಕೊರೊಕ್ ಮುಖವಾಡ ಸಿಗುತ್ತೆ, ಹತ್ತಿರ ಕೊರೊಕ್ ಇದ್ರೆ ಅದು ಅಲುಗಾಡುತ್ತೆ. ಅದೇ ಭಾಗದಲ್ಲಿ ಹೀರೋಸ್ ಪಾತ್ ಅಂತ ಇದೆ, ಕೊನೆಯ 200 ಗಂಟೆ ನೀನು ನಡೆದ ದಾರಿಯನ್ನೆಲ್ಲ ಮ್ಯಾಪ್ ಮೇಲೆ ಹಸಿರು ಗೆರೆಯಾಗಿ ತೋರಿಸುತ್ತೆ. ಗೆರೆ ಬೀಳದ ಜಾಗ ನೋಡಿದಾಗ ನಂಗೆ ನಾಚಿಕೆ ಆಯ್ತು. ಹೆದ್ದಾರಿ ಬಿಟ್ಟು ಎಲ್ಲೂ ಇಳಿದೇ ಇರಲಿಲ್ಲ ನಾನು.

ಮಂಜುಮುಸುಕು · ಜುಲೈ 19, ಬೆಳಿಗ್ಗೆ 7:25

ವೈರ್‌ಲೆಸ್ ಅಣ್ಣ, ಥ್ಯಾಂಕ್ಸ್. ಪ್ರತಿಮೆ ಸಿಕ್ತು, ಎರಡು ಹೃದಯ ಅಡ ಇಟ್ಟೆ. ಹೆಚ್ಚುವರಿ ಭಾಗ ನನ್ನ ಹತ್ತಿರ ಇಲ್ಲ, ತಗೊಳ್ಳೋಣ ಅಂದ್ರೂ ಈಗ ಡೌನ್‌ಲೋಡ್ ಆಗಬೇಕಲ್ಲ. ಇನ್ನೊಂದು ಕಷ್ಟ: ಆಟದ ಒಳಗೂ ಮಳೆ. ಬಂಡೆ ಅರ್ಧ ಹತ್ತಿದ್ದೆ, ಮಳೆ ಬಂತು, ಜಾರಿ ಜಾರಿ ಕೆಳಗೆ ಬಂದೆ. ಹೊರಗೂ ಅದೇ, ಒಳಗೂ ಅದೇ ಅಂದ್ರೆ ಹೇಗೆ.

ವಿರಾಜಪೇಟೆ_ವೈರ್‌ಲೆಸ್ · ಜುಲೈ 19, ಬೆಳಿಗ್ಗೆ 8:15

ಪರದೆಯ ಕೆಳಗೆ ಬಲಗಡೆ ಹವಾಮಾನದ ಗುರುತು ಬರುತ್ತೆ, ಹತ್ತೋ ಮೊದಲು ಅದನ್ನ ನೋಡು. ಮಳೆ ಬಂದೇಬಿಟ್ರೆ ಬಂಡೆ ಮುಂಚಾಚಿದ ಜಾಗ ಹುಡುಕಿ ಅದರಡಿ ಸೌದೆ, ಚಕಮಕಿ ಕಲ್ಲು ಹಾಕಿ ಬೆಂಕಿ ಮಾಡಿ ಕೂತು ಹೊತ್ತು ಕಳೆ. ಬಯಲಲ್ಲಿ ಬೆಂಕಿ ನಿಲ್ಲಲ್ಲ. ಮುಂದೆ ಹಕ್ಕಿಗಳ ಊರಿನ ದೊಡ್ಡ ಯಂತ್ರ ಗೆದ್ರೆ ನಿಂತಲ್ಲಿಂದ ಗಾಳಿ ಎದ್ದು ಮೇಲೆತ್ತುತ್ತೆ. ಆಮೇಲೆ ಮಳೆ ಬಂದ್ರೂ ಚಿಂತೆಯಿಲ್ಲ.

ಅಮ್ಮತ್ತಿ_ಅಕ್ಕ · ಜುಲೈ 19, ಮಧ್ಯಾಹ್ನ 2:30

ಮಂಜು, ನಿನ್ನ ಪ್ರಶ್ನೆ ಲೆಕ್ಕ ಇದೆಯಾ ಅಂತ ಅಲ್ವಾ? ಇದೆ. ಸಲಕರಣೆ ಎಲ್ಲ ಆಮೇಲೆ, ಮೊದಲು ಕಣ್ಣು.

ನಾನು ಚಿಕ್ಕವಳಿದ್ದಾಗ ಗುಡುಗಿದ ಮಾರನೇ ದಿನ ತಾಯಿ ಜೊತೆ ಅಣಬೆಗೆ ಹೋಗ್ತಿದ್ದೆ. (ತಾಯಿ ಅಂದ್ರೆ ಅಜ್ಜಿ, ನಾವು ಕೊಡವರು ಹಾಗೇ ಕರೆಯೋದು. ಅಣಬೆಗೆ ಕುಮ್ಮ್ ಅಂತೀವಿ.) ನಾನು ನೆಲ ನೋಡ್ಕೊಂಡು, ಎಲೆ ಕೆದಕ್ಕೊಂಡು ಹೋಗ್ತಿದ್ದೆ. ನಂಗೆ ಒಂದೂ ಸಿಗ್ತಿರಲಿಲ್ಲ. ತಾಯಿ ನೆಲ ನೋಡ್ತಾನೇ ಇರಲಿಲ್ಲ. ತಲೆ ಎತ್ತಿ ಹುತ್ತ ಎಲ್ಲಿದೆ ಅಂತ ನೋಡೋರು. ಹುತ್ತ ಸಿಕ್ಕಿದ ಮೇಲೆ ಅದರ ಸುತ್ತ ಮಾತ್ರ ಬಗ್ಗೋರು. ಗೆದ್ದಲು ಇದ್ದ ಕಡೆ ಆ ಜಾತಿ ಅಣಬೆ ಏಳುತ್ತೆ, ಅಷ್ಟೇ. 900 ಬೀಜ ಅಂತ ಹೆದರಿ ಹುಲ್ಲುಹುಲ್ಲೂ ಕತ್ತರಿಸಿ ನೋಡ್ತಿದ್ದೀಯಲ್ಲ, ಅದು ನೆಲ ಕೆದಕೋ ಕೆಲಸ. ನೀನು ಹುತ್ತ ಹುಡುಕು.

ಆ ಆಟದಲ್ಲಿ ಹುತ್ತ ಯಾವುದು? ತಾನಾಗಿ ಆಗದ್ದು. ನಮ್ಮ ಕಾಡಲ್ಲೇ ನೋಡು. ಮರ ಸಾಲಾಗಿ ಬೆಳೆಯಲ್ಲ. ಎಲ್ಲಾದರೂ ಕಾಡಿನ ನಡುವೆ ನಾಲ್ಕು ಮರ ಸಾಲಾಗಿ ಇದ್ರೆ ಯಾರೋ ನೆಟ್ಟಿದ್ದು. ಒಂದು ಹಲಸು, ಪಕ್ಕದಲ್ಲಿ ಒಂದು ಸಂಪಿಗೆ, ಸ್ವಲ್ಪ ಸಮತಟ್ಟು ನೆಲ ಕಂಡ್ರೆ ಅಲ್ಲಿ ಹಿಂದೆ ಮನೆ ಇತ್ತು, ಎರಡು ಹೆಜ್ಜೆ ಆಚೆ ಬಾವಿ ಇರುತ್ತೆ, ಹುಷಾರಾಗಿ ಹೋಗು ಅಂತ ನಮ್ಮ ಮನೆಯಲ್ಲಿ ಹೇಳೋರು. ಕಡಂಗ ಗೊತ್ತಲ್ಲ, ಹಿಂದಿನವರು ಕಾದಾಟಕ್ಕೆ ಅಂತ ತೋಡಿದ ಕಂದಕ, ನಮ್ಮ ತೋಟದ ನಡುವೇ ಒಂದು ಹೋಗುತ್ತೆ. ನೀರು ಕೊರೆದ ಕಣಿ ಇಳಿಜಾರು ಹಿಡಿದು ಕೆಳಗೇ ಇಳಿಯುತ್ತೆ. ಕಡಂಗ ಗುಡ್ಡ ಹತ್ತಿ ಆ ಕಡೆ ಇಳಿಯುತ್ತೆ. ನೀರು ಗುಡ್ಡ ಹತ್ತಲ್ಲ, ಹಾಗಾಗಿ ಅದು ಮನುಷ್ಯರ ಕೈ. ಇಷ್ಟೇ ತರ್ಕ.

ಇದೇ ಕಣ್ಣು ಇಟ್ಕೊಂಡು ಆಟಕ್ಕೆ ಹೋಗು. ಬೆಟ್ಟದ ನೆತ್ತಿಯಲ್ಲಿ ಒಂದೇ ಒಂದು ಕಲ್ಲು ಕೂತಿದೆ. ಯಾಕೆ? ಎತ್ತು. ಕಲ್ಲುಗಳು ಉಂಗುರವಾಗಿವೆ, ಒಂದು ಕಡೆ ಹಲ್ಲು ಬಿದ್ದ ಹಾಗೆ ಖಾಲಿ. ಹತ್ತಿರದಲ್ಲೇ ಒಂದು ಕಲ್ಲು ಬಿದ್ದಿರುತ್ತೆ, ತಂದು ತುಂಬು. ಕೆರೆಯಲ್ಲಿ ತಾವರೆ ಎಲೆಗಳು ಉಂಗುರವಾಗಿ ನಿಂತಿವೆ, ಮೇಲಿನಿಂದ ಅದರ ನಡುವೆ ಹಾರು. ಸಾಲಾಗಿ ಪುಟ್ಟ ಪ್ರತಿಮೆಗಳು, ಎಲ್ಲದರ ಮುಂದೆ ಸೇಬು, ಒಂದರ ಮುಂದೆ ಇಲ್ಲ. ನಿನ್ನ ಚೀಲದಿಂದ ಒಂದು ಇಡು. ಮೊದಲ ಸಲ ಅದು ಮಾಡಿದಾಗ ನಂಗೆ ನಮ್ಮ ದೇವರಕಾಡು ನೆನಪಾಯ್ತು. ಅಲ್ಲಿ ಅಯ್ಯಪ್ಪನಿಗೆ ಹರಕೆ ಒಪ್ಪಿಸಿದ ಮಣ್ಣಿನ ನಾಯಿಗಳು ಸಾಲಾಗಿ ಕೂತಿರುತ್ತವಲ್ಲ, ಹಾವಸೆ ಹಿಡಿದು, ಕೆಲವಕ್ಕೆ ಕಿವಿ ಮುರಿದು. ದಾರಿ ತಪ್ಪಿ ಬಂದವನಿಗೂ ಇಲ್ಲಿ ಯಾರೋ ಬಂದಿದ್ರು ಅಂತ ಗೊತ್ತಾಗುತ್ತೆ.

ಇನ್ನೊಂದು. ಗೋಪುರದ ಮೇಲೋ ಬೆಟ್ಟದ ಮೇಲೋ ನಿಂತಾಗ ತಕ್ಷಣ ಹಾರಬೇಡ. ಆ ಆಟದಲ್ಲಿ 15 ಗೋಪುರ ಇವೆ, ಆದ್ರೆ ಬೇರೆ ಆಟಗಳ ಥರ ಹತ್ತಿದ ಕೂಡಲೇ ಮ್ಯಾಪ್ ತುಂಬ ಗುರುತು ಸುರಿಯಲ್ಲ. ಬರೀ ನೆಲದ ಚಿತ್ರ ಕೊಡುತ್ತೆ, ಗುರುತು ನೀನೇ ಹಾಕಬೇಕು. ದುರ್ಬೀನು ತೆಗೆದು ನಿಧಾನಕ್ಕೆ ಒಂದು ಸುತ್ತು ನೋಡು, ಅಸಹಜ ಕಂಡಲ್ಲಿ ಗುರುತಿಗೆ ಒಂದು ಬೆಳಕಿನ ಕಂಬ ನೆಡು. ಒಂದು ಸಲಕ್ಕೆ ಐದು ನೆಡಬಹುದು. ಐದೂ ಮುಗಿಸಿ ಆಮೇಲೆ ಮುಂದಿನ ಬೆಟ್ಟ. ಒಂದು ಸಂಜೆಗೆ 3 ಗಂಟೆ ಬ್ಯಾಟರಿ ಇರೋವನಿಗೆ ಇದು ಸರಿಯಾದ ಅಳತೆ.

ಗೋಣಿಕೊಪ್ಪ_98 · ಜುಲೈ 19, ಸಂಜೆ 6:40

ಅಕ್ಕ, ಓದೋಕೆ ಚೆನ್ನಾಗಿದೆ, ಅಣಬೆ ಸಾರು ಉಣ್ಣಬೇಕು ಅನ್ನಿಸ್ತು. ಆದ್ರೆ ಒಂದು ಮಾತು. ನಾನು ಆ 900 ಪೂರ್ತಿ ಮಾಡಿದವನು. ಮ್ಯಾಪ್ ಇಟ್ಕೊಂಡೇ ಮಾಡಿದೆ. ಕೊನೆಗೆ ಹೆಸ್ಟು ಏನು ಕೊಡ್ತಾನೆ ಗೊತ್ತಾ? ಚಿನ್ನದ ಬಣ್ಣದ ಒಂದು ಸುರುಳಿ. ಅದು ಯಾವುದರ ಆಕಾರ ಅಂತ ಇಲ್ಲಿ ಬರೆಯಲ್ಲ, ದನದ ಕೊಟ್ಟಿಗೆ ಇದ್ದವರಿಗೆ ಅಂದಾಜಾಗುತ್ತೆ. ಅದನ್ನ ತೋರಿಸಿದ್ರೆ ಅವನು ಕುಣೀತಾನೆ. ಇಷ್ಟೇ. ಅದಕ್ಕೋಸ್ಕರ ಕಣ್ಣು ತರಬೇತಿ ಮಾಡ್ಕೋಬೇಕಾ?

ಅಮ್ಮತ್ತಿ_ಅಕ್ಕ · ಜುಲೈ 19, ರಾತ್ರಿ 8:11

ತಮ್ಮಾ, ಆಟ ಮಾಡಿದವರು ನಿನ್ನ ಮುಖಕ್ಕೆ ನೇರವಾಗಿ ಹೇಳಿದ್ದಾರಲ್ಲ. ಚೀಲದ ಎಲ್ಲ ಜಾಗ ತೆಗೆಸೋಕೆ 441 ಬೀಜ ಸಾಕು. ಉಳಿದ 459 ಯಾಕಿವೆ? ಎಲ್ಲ ಹೆಕ್ಕಲಿ ಅಂತ ಅಲ್ಲ. ನೀನು ಯಾವ ದಿಕ್ಕಿಗೆ ಅಲೆದ್ರೂ ನಿನ್ನ ಪಾಲಿನದ್ದು ಸಿಗಲಿ ಅಂತ. ಕೊನೆಯ ಆ ಸುರುಳಿ ಪೂರ್ತಿ ಬಾಚಿದವರಿಗೆ ಮಾಡಿದ ತಮಾಷೆ. ನೀನು ಅದನ್ನ ಬಹುಮಾನ ಅಂದುಕೊಂಡೆ.

ಲೆಕ್ಕ ಬೇಕಾ? ಆಯುಧದ ಜಾಗಕ್ಕೆ 1, 2, 3, 5, 8, 12 ಹೀಗೆ ಏರುತ್ತೆ. ಮೊದಲ 31 ಬೀಜದಲ್ಲಿ ಆರು ಜಾಗ. ಆಮೇಲೆ ಒಂದೊಂದಕ್ಕೂ ದುಬಾರಿ. ಅಂದ್ರೆ ನೂರು ಚಿಲ್ಲರೆ ಬೀಜ ಸಿಕ್ಕಿದವನಿಗೂ 441 ಸಿಕ್ಕಿದವನಿಗೂ ಆಟದಲ್ಲಿ ದೊಡ್ಡ ವ್ಯತ್ಯಾಸ ಇಲ್ಲ. ಕಾಫಿ ಹೆಕ್ಕೋದಾದ್ರೆ ಕೊನೇ ಕಾಳಿನವರೆಗೂ ಹೆಕ್ಕಬೇಕು, ಒಪ್ತೀನಿ. ಇದು ಕಾಫಿ ಅಲ್ಲ.

ಬೆಂಗಳೂರಲ್ಲಿ_ಕೊಡಗು · ಜುಲೈ 20, ರಾತ್ರಿ 12:55

ಗುರುಗಳೇ, ನೈಟ್ ಶಿಫ್ಟ್ ಮಧ್ಯೆ ಓದ್ತಿದ್ದೀನಿ. ಅಕ್ಕ ಹೇಳಿದ ಹುತ್ತದ ಲೆಕ್ಕ ಎಲ್ಡನ್ ರಿಂಗ್ ಅನ್ನೋ ಗೇಮ್‌ಗೂ ಸರಿಹೋಗುತ್ತೆ. 2022ರಲ್ಲಿ ಅದು ಬಂದಾಗ ನಾನು ಮೊದಲ ಹತ್ತು ದಿನ ಬರೀ ಸಾಯ್ತಿದ್ದೆ. ಆಮೇಲೆ ಗೊತ್ತಾಯ್ತು, ನನ್ನ ಕೈ ಕೆಟ್ಟದ್ದಲ್ಲ, ನನ್ನ ಬಾಟಲಿ ಖಾಲಿ. ಅಲ್ಲಿ ಗಾಯ ವಾಸಿ ಮಾಡೋ ಬಾಟಲಿಗೆ ಎರಡು ಥರ ಮೇಲೇರಿಕೆ. ಎಷ್ಟು ಗುಟುಕು ಅನ್ನೋದಕ್ಕೆ ಚಿನ್ನದ ಬೀಜ, ಪ್ರತಿ ಗುಟುಕಿನಲ್ಲಿ ಎಷ್ಟು ಶಕ್ತಿ ಅನ್ನೋದಕ್ಕೆ ಪವಿತ್ರ ಕಣ್ಣೀರು. ಬೀಜ ಯಾವಾಗಲೂ ಅಲ್ಲ, ಆದ್ರೆ ಬಹಳ ಕಡೆ ಹೊಳೆಯೋ ಒಂದು ಪುಟ್ಟ ಚಿನ್ನದ ಗಿಡದ ಬುಡದಲ್ಲಿರುತ್ತೆ, ರಾತ್ರಿ ಹೊತ್ತು ದೂರದಿಂದಲೇ ಕಾಣುತ್ತೆ. ಕಣ್ಣೀರು ಒಟ್ಟು 12, ಪಾಳುಬಿದ್ದ ಚರ್ಚುಗಳಲ್ಲಿ, ಪ್ರತಿಮೆಯ ಪಾದದ ಹತ್ತಿರ. ಹಾಗಾಗಿ ನನ್ನ ನಿಯಮ ಒಂದೇ: ಚರ್ಚ್ ಕಂಡ್ರೆ ಕುದುರೆ ನಿಲ್ಸು.

ಶುರುವಿನಲ್ಲೇ ದಕ್ಷಿಣಕ್ಕೆ ಒಂದು ಪರ್ಯಾಯದ್ವೀಪ ಇದೆ, ವೀಪಿಂಗ್ ಪೆನಿನ್ಸುಲಾ. ಅಲ್ಲಿ ಯಾವಾಗಲೂ ಜಿನುಗು ಮಳೆ, ನಮ್ಮೂರಿನ ಹಾಗೇ. ಎಲ್ಲರೂ ದೊಡ್ಡ ಕೋಟೆ ಕಡೆ ಓಡ್ತಾರೆ, ಆ ಕಡೆ ಯಾರೂ ಇಳಿಯಲ್ಲ. ಅಲ್ಲೊಂದರಲ್ಲೇ ಮೂರು ಕಣ್ಣೀರು ಸಿಗುತ್ತೆ ಮಗಾ! ನಾನು ಕೋಟೆಯಲ್ಲಿ ಎರಡು ವಾರ ಒದೆ ತಿಂದು ಆಮೇಲೆ ಅಲ್ಲಿಗೆ ಹೋದೆ. ಮ್ಯಾಪ್ ವಿಷಯದಲ್ಲೂ ಒಂದು ಸುಳಿವು: ಆ ಪ್ರದೇಶದ ನಕ್ಷೆ ಇನ್ನೂ ಸಿಗದಿದ್ರೂ ಮಂಜಿನ ಮೇಲೆ ಪುಟ್ಟ ಕಲ್ಲುಕಂಬದ ಗುರುತು ಇರುತ್ತೆ, ನಕ್ಷೆಯ ತುಂಡು ಅಲ್ಲೇ ಇರೋದು. 2024ರ ಹೆಚ್ಚುವರಿ ಭಾಗದಲ್ಲಿ ಇದನ್ನೇ ಇನ್ನೂ ಬಿಗಿ ಮಾಡಿದ್ದಾರೆ. 50 ಚೂರು ಹರಡಿದ್ದಾರೆ, ಅವನ್ನ ಕೂಡಿಸಿ 20ನೇ ಮಟ್ಟದವರೆಗೆ ಬಲ ಏರಿಸ್ಕೋಬಹುದು, ಅದೂ ಆ ನಾಡಿನ ಒಳಗೆ ಮಾತ್ರ ನಡೆಯುತ್ತೆ. ಚೂರು ಹೆಕ್ಕದೆ ನೇರ ಹೋದವರೆಲ್ಲ ಕಷ್ಟ ಕಷ್ಟ ಅಂತ ಗಲಾಟೆ ಮಾಡಿದ್ರು, ಅದರಲ್ಲಿ ನಾನೂ ಒಬ್ಬ.

ಸೈಬರ್‌ಕಾಲದವ · ಜುಲೈ 20, ಬೆಳಿಗ್ಗೆ 10:20

ನೀವೆಲ್ಲ ಈಗಿನ ಮಕ್ಕಳು. ನಮ್ಮ ಕಾಲದ ಗೇಮ್ ಅಂದ್ರೆ ಜಿಟಿಎ ವೈಸ್ ಸಿಟಿ. ಅದರಲ್ಲಿ 100 ಅಡಗಿಸಿಟ್ಟ ಪೊಟ್ಟಣ, ಒಂದೊಂದು ಹಸಿರು ಬೊಂಬೆ. ಹತ್ತು ಹೆಕ್ಕಿದ್ರೆ ಅಡಗುತಾಣದ ಬಾಗಿಲಲ್ಲಿ ರಕ್ಷಾಕವಚ, ಇಪ್ಪತ್ತಕ್ಕೆ ಮರ ಕೊಯ್ಯೋ ಯಂತ್ರ, ಹೀಗೆ ಹತ್ತತ್ತಕ್ಕೆ ಒಂದೊಂದು. ಮಡಿಕೇರಿಯ ಒಂದು ಸೈಬರ್‌ನಲ್ಲಿ ಗಂಟೆಗೆ 20 ರೂಪಾಯಿ ಕೊಟ್ಟು ಆಡ್ತಿದ್ದೆ, ಕಾಲೇಜಿನ ಬಸ್ ದುಡ್ಡು ಉಳಿಸಿ. ಮ್ಯಾಪ್ ಪ್ರಿಂಟ್ ತೆಗೆಸೋಕೆ ದುಡ್ಡಿಲ್ಲ, ಹಾಗಾಗಿ ಸ್ನೇಹಿತನ ಹತ್ತಿರ ಇದ್ದದ್ದನ್ನ ಅಕೌಂಟ್ಸ್ ನೋಟ್‌ಬುಕ್ಕಿನ ಚೌಕುಳಿ ಹಾಳೆಗೆ ಪೆನ್ಸಿಲ್‌ನಲ್ಲಿ ಇಳಿಸ್ಕೊಂಡಿದ್ದೆ. ಸಮುದ್ರದ ಕಡೆ ತಪ್ಪಾಗಿ ಅರ್ಧ ಚೌಕ ಜಾಸ್ತಿ ಬರೆದುಬಿಟ್ಟೆ, ಅದರಿಂದ ಆ ಇಡೀ ದಡದಲ್ಲಿ ಪೊಟ್ಟಣ ಹುಡುಕಿ ಹುಡುಕಿ ನೀರಿಗೆ ಬಿದ್ದೆ. ಆ ಆಟದಲ್ಲಿ ಅವನಿಗೆ ಈಜು ಬರಲ್ಲ, ನೆನಪಿದೆಯಾ?

87ಕ್ಕೆ ತಂದು ನಿಲ್ಲಿಸಿದ್ದೆ. ಸೋಮವಾರ ಹೋಗಿ ನೋಡ್ತೀನಿ, ಯಾವನೋ ನನ್ನ ಸೇವ್ ಮೇಲೆ ತನ್ನ ಸೇವ್ ಹಾಕಿದ್ದಾನೆ. ಅವನದ್ದು ಎಷ್ಟು ಪೊಟ್ಟಣ? ಎರಡು. ಇವತ್ತಿಗೂ ನಂಗೆ ಆ ಹುಡುಗ ಯಾರಂತ ಗೊತ್ತಿಲ್ಲ, ಗೊತ್ತಾದ್ರೆ ಪುತ್ತರಿ ಹಬ್ಬಕ್ಕೂ ಕರೆಯಲ್ಲ.

ಒಂದು ವಿಷಯ ಮಾತ್ರ ಅಕ್ಕನ ಪಕ್ಷ. ಮ್ಯಾಪ್ ನೋಡಿ ಹೆಕ್ಕಿದ 84 ಪೊಟ್ಟಣದಲ್ಲಿ ಒಂದರ ಜಾಗವೂ ಈಗ ನೆನಪಿಲ್ಲ. ಮ್ಯಾಪ್ ಸಿಗೋ ಮೊದಲು ನಾನೇ ಕಂಡ ಮೂರು ಮಾತ್ರ ಇವತ್ತಿಗೂ ಕಣ್ಣಿಗೆ ಕಟ್ಟಿದೆ.

ಮೇಲ್ವಿಚಾರಕ · ಜುಲೈ 20, ಬೆಳಿಗ್ಗೆ 11:05

ಕಥೆಯ ಕೊನೆ ಬಗ್ಗೆ ಬರೆಯುವವರು ದಯವಿಟ್ಟು ಮೊದಲೇ ಎಚ್ಚರಿಕೆ ಕೊಡಿ. ಪ್ರಶ್ನೆ ಕೇಳಿದವರು ಇನ್ನೂ ಆಡ್ತಿದ್ದಾರೆ. ಚಿನ್ನದ ಸುರುಳಿಯ ಮಾತು ಆಗಲೇ ಬಂದಾಗಿದೆ, ಅದನ್ನ ಬಿಟ್ಟಿದ್ದೇನೆ.

ವಿರಾಜಪೇಟೆ_ವೈರ್‌ಲೆಸ್ · ಜುಲೈ 20, ಸಂಜೆ 4:50

ಅಕ್ಕ ಹೇಳಿದ್ದಕ್ಕೆ ಒಂದು ಸೇರಿಸ್ತೀನಿ. ನಿಂಟೆಂಡೊ ತಂಡದವರು 2017ರಲ್ಲಿ ಜಪಾನಿನಲ್ಲಿ ಸೆಡೆಕ್ ಅನ್ನೋ ಗೇಮ್ ತಯಾರಕರ ಸಮ್ಮೇಳನದಲ್ಲಿ ಇದರ ಗುಟ್ಟು ಹೇಳಿದ್ರು. ನೆಲವನ್ನ ತ್ರಿಕೋನಗಳಲ್ಲಿ ಕಟ್ಟಿದ್ದಾರೆ. ದಿಬ್ಬ, ಬಂಡೆ, ಬೆಟ್ಟ ಎಲ್ಲ ತ್ರಿಕೋನ. ಎದುರಿಗೆ ತ್ರಿಕೋನ ಬಂದ್ರೆ ಆಡೋವನ ಮುಂದೆ ಎರಡು ದಾರಿ: ಹತ್ತೋದು, ಇಲ್ಲಾ ಸುತ್ತಿ ಹೋಗೋದು. ಎರಡರಲ್ಲೂ ಹಿಂದಿರೋದು ನಿಧಾನಕ್ಕೆ ಬಯಲಾಗುತ್ತೆ. ನಮಗೆ ಇದು ಹೊಸದಲ್ಲ, ಮಾದಾಪುರ ರಸ್ತೆಯಲ್ಲಿ ಪ್ರತಿ ತಿರುವಿನಲ್ಲೂ ಇದೇ ನಡೆಯೋದು. ಬಯಲುಸೀಮೆಯವರಿಗೆ ವಿವರಿಸೋದು ಕಷ್ಟ. ಹಾಗಾಗಿ ಮಂಜು, ತಿರುವು ದಾಟಿದ ಕೂಡಲೇ ಒಂದು ಕ್ಷಣ ನಿಲ್ಲು. ಏನೋ ಇಡಬೇಕು ಅಂದ್ರೆ ಅವರು ಅಲ್ಲೇ ಇಡೋದು.

ಮುಂದಿನ ಭಾಗ, 2023ರ ಟಿಯರ್ಸ್ ಆಫ್ ದ ಕಿಂಗ್ಡಮ್, ಆಡೋದಾದ್ರೆ ಅಲ್ಲಿ ಇನ್ನೂ ಮಜಾ ಇದೆ. ನೆಲದ ಕೆಳಗೆ ಕತ್ತಲಿನ ಒಂದು ಇಡೀ ಲೋಕ. ಅಲ್ಲಿ 120 ಬೆಳಕಿನ ಬೇರು, ನೆಲದ ಮೇಲೆ 120 ಗುಡಿ. ಪ್ರತಿ ಗುಡಿಯ ಸರಿ ಕೆಳಗೆ ಒಂದು ಬೇರು. ಹೆಸರನ್ನೂ ತಿರುಗಿಸಿ ಇಟ್ಟಿದ್ದಾರೆ: ಮೇಲೆ ಕ್ಯೊನೊನಿಸ್, ಕೆಳಗೆ ಸಿನೊನೊಯ್ಕ್. (ಇಂಗ್ಲಿಷ್ ಅಕ್ಷರದಲ್ಲಿ ಹಿಂದುಮುಂದು ಓದಿ ನೋಡಿ, ಕನ್ನಡದಲ್ಲಿ ಆಗಲ್ಲ.) ಅದನ್ನ ನಂಗೆ ಯಾರೂ ಹೇಳಿಕೊಟ್ಟಿಲ್ಲ, ಗುಡಿ ಸಿಗದೆ ತಲೆ ಕೆಟ್ಟು ಎರಡು ಮ್ಯಾಪನ್ನ ಬದಲಾಯಿಸಿ ಬದಲಾಯಿಸಿ ನೋಡ್ತಾ ಕೂತಾಗ ಹೊಳೀತು. ಅದಾದ ಮೇಲೆ ಕೆಳಗೆ ಬೇರು ಇದ್ದು ಮೇಲೆ ಗುಡಿ ಇಲ್ಲದ ಜಾಗಕ್ಕೆ ನೇರ ಹೋಗಿ ಗುಹೆ ಹುಡುಕೋದು. ಮೇಲೆ ಹೊಳೆ ಇದ್ದ ಕಡೆ ಕೆಳಗೆ ಗೋಡೆ. ಅದರಲ್ಲಿ ಕೊರೊಕ್ ಬೀಜ 1000. ಬೆನ್ನಿಗೆ ದೊಡ್ಡ ಚೀಲ ಹೊತ್ತು ಸುಸ್ತಾದ ಒಬ್ಬನನ್ನ ಅವನ ಸ್ನೇಹಿತನ ಹತ್ತಿರ ಸೇರಿಸಿದ್ರೆ ಎರಡು ಬೀಜ ಕೊಡ್ತಾನೆ. ಆಟದೊಳಗಿನ ಬ್ಯಾಟರಿಗೂ ಮೇಲೇರಿಕೆ ಇದೆ, 100 ಹರಳು ಕೊಟ್ರೆ ಒಂದು ಭಾಗ ಹೆಚ್ಚಾಗುತ್ತೆ. ನಮ್ಮ ಮನೆ ಇನ್ವರ್ಟರ್‌ಗೂ ಹಾಗೆ ಯಾರಾದ್ರೂ ಮಾಡಿಕೊಟ್ರೆ ಎಷ್ಟು ಚೆನ್ನಾಗಿತ್ತು.

ಗೋಣಿಕೊಪ್ಪ_98 · ಜುಲೈ 20, ರಾತ್ರಿ 9:30

ಸರಿ, ನಾನು ಸೋತೆ ಅಂತ ಅಲ್ಲ. ಆದ್ರೆ ಯೋಚನೆ ಮಾಡಿದೆ. ಮ್ಯಾಪ್ ಬೇಡ ಅಂತ ನಂಗೇ ಅನ್ನಿಸಿದ್ದು ಒಂದೇ ಆಟದಲ್ಲಿ, ಘೋಸ್ಟ್ ಆಫ್ ತ್ಸುಶಿಮಾ. ಅಲ್ಲಿ ಪರದೆ ಮೇಲೆ ಬಾಣ ಇಲ್ಲ, ಗಾಳಿ ಬೀಸುತ್ತೆ, ಹುಲ್ಲು ಯಾವ ಕಡೆ ಬಾಗಿತೋ ಆ ಕಡೆ ಹೋಗೋದು. ಹಳದಿ ಹಕ್ಕಿ ಬಂದು ಸುತ್ತಿದ್ರೆ ಅದರ ಹಿಂದೆ ಹೋಗು, ಏನೋ ಇರುತ್ತೆ. ಆವಿ ಏಳ್ತಿದ್ರೆ ಬಿಸಿನೀರಿನ ಬುಗ್ಗೆ, ಅಲ್ಲಿ ಕೂತ್ರೆ ಆಯಸ್ಸು ಹೆಚ್ಚುತ್ತೆ. ಅಂಥವು 18. ಬಿದಿರು ಕೊಯ್ಯೋ ಜಾಗ 16, ಅದರಿಂದ ಛಲ ಹೆಚ್ಚುತ್ತೆ. ನರಿ ಬಿಲದಲ್ಲಿ ನರಿ ಎದ್ದು ಓಡಿ ಒಂದು ಗುಡಿಗೆ ಕರ್ಕೊಂಡು ಹೋಗುತ್ತೆ, ಕೆಲವು ಸಲ ಮುಟ್ಟೋಕೂ ಬಿಡುತ್ತೆ. ನರಿ ಬಿಲ 49. ಎಲ್ಲ ಮಾಡಿದೆ, ಒಂದಕ್ಕೂ ಫೋನ್ ತೆಗೆಯಲಿಲ್ಲ. ನಮ್ಮ ಅಮ್ಮ ಬಿದಿರು ಕೊಯ್ಯೋದು ನೋಡಿ, ಮೇಲೆ ಯಾಕೆ ಕಡೀತಾನೆ, ಕಣಿಲೆ ಬುಡದಲ್ಲಲ್ವಾ ಇರೋದು ಅಂದ್ರು.

ಹಾಗಾಗಿ ನನ್ನ ತಕರಾರು ಮ್ಯಾಪ್ ಬಗ್ಗೆ ಅಲ್ಲ ಅನ್ನಿಸುತ್ತೆ. ಆಟವೇ ದಾರಿ ತೋರಿಸಿದ್ರೆ ಹೋಗ್ತೀನಿ. ದಾರಿ ತೋರಿಸದೆ 900 ಇಟ್ರೆ ಸಿಟ್ಟು ಬರುತ್ತೆ.

ಅಮ್ಮತ್ತಿ_ಅಕ್ಕ · ಜುಲೈ 20, ರಾತ್ರಿ 10:04

ತೋರಿಸ್ತಾರೆ ತಮ್ಮಾ. ಕೊರೊಕ್ ಕಾಡಿಗೆ ಹೋಗೋ ದಾರಿ ನೆನಪಿದೆಯಾ? ಮಂಜು ತುಂಬಿದ ಕಾಡು, ತಪ್ಪು ಹೆಜ್ಜೆ ಇಟ್ರೆ ಮೊದಲಿಗೆ ವಾಪಸ್. ಅಲ್ಲಿ ದೀವಟಿಗೆಯ ಕಿಡಿ ಯಾವ ಕಡೆ ಹಾರುತ್ತೋ ಆ ಕಡೆ ನಡೀಬೇಕು. ನಿನ್ನ ತ್ಸುಶಿಮಾ ಬರೋಕೆ ಮೂರು ವರ್ಷ ಮೊದಲೇ ಅವರು ಗಾಳಿ ನೋಡು ಅಂದಿದ್ರು. ನೀನು ಫೋನ್ ನೋಡ್ತಿದ್ದೆ.

ಗೋಣಿಕೊಪ್ಪ_98 · ಜುಲೈ 20, ರಾತ್ರಿ 10:06

ಅಯ್ಯೋ ಅಕ್ಕ.

ಮಂಜುಮುಸುಕು · ಆಗಸ್ಟ್ 4, ಬೆಳಿಗ್ಗೆ 9:15

ಕ್ಷಮಿಸಿ, ಇಷ್ಟು ದಿನ ಆಯ್ತು. ಕರೆಂಟ್ ಒಂಬತ್ತನೇ ದಿನ ಬಂತು, ಎರಡು ದಿನ ಇತ್ತು, ಮತ್ತೆ ಹೋಯ್ತು. ಈಗ ಇದೆ. ನಿನ್ನೆ ಆಟಿ ತಿಂಗಳ ಹದಿನೆಂಟು, ಮನೇಲಿ ಮದ್ದು ಸೊಪ್ಪಿನ ಪಾಯಸ ಆಯ್ತು, ನಾಲಿಗೆ ಇನ್ನೂ ನೇರಳೆ. ವರ್ಷಕ್ಕೆ ಒಂದೇ ದಿನ ಆ ಸೊಪ್ಪಲ್ಲಿ ಹದಿನೆಂಟು ಥರ ಮದ್ದು ಸೇರುತ್ತಂತೆ. ತಪ್ಪಿಸ್ಕೊಂಡ್ರೆ ಮುಂದಿನ ವರ್ಷವೇ. ಇಂಥ ಮೇಲೇರಿಕೆ ಯಾವ ಗೇಮಲ್ಲೂ ಇಲ್ಲ ಬಿಡಿ.

ಅಕ್ಕ ಬರೆದದ್ದು ಓದಿದ ಸಂಜೆ ನಡೆದದ್ದು ಹೇಳ್ತೀನಿ. ಚಿಮಣಿ ದೀಪ ಹಚ್ಚಿ ಅಡುಗೆಮನೆಯ ಒಲೆ ಹತ್ತಿರ ಕೂತು ಆಡ್ತಿದ್ದೆ. ಅಪ್ಪ ಬಂದು ಪಕ್ಕದಲ್ಲಿ ಕೂತ್ರು, ಕಾಲಿಗೆ ಸುಣ್ಣ ಹಚ್ಕೊಳ್ತಾ, ಜಿಗಣೆ ಕಚ್ಚಿದ್ದಕ್ಕೆ. ಅವರಿಗೆ ಗೇಮ್ ಅಂದ್ರೆ ಆಗಲ್ಲ. ನಾನು ದುರ್ಬೀನು ಹಿಡಿದು ಅಸಹಜ ಹುಡುಕ್ತಾ ಇದ್ದೆ, ಹತ್ತು ನಿಮಿಷ ಆದ್ರೂ ಏನೂ ಕಾಣಲಿಲ್ಲ. ಒಂದು ಗುಡ್ಡದ ಬದಿಯಲ್ಲಿ ಮೂರು ಸೇಬಿನ ಮರ ಇತ್ತು, ಅದರ ಮೇಲಿಂದ ಎರಡು ಸಲ ಕಣ್ಣು ಹಾಯಿಸಿ ಮುಂದೆ ಹೋಗಿದ್ದೆ.

ಅಪ್ಪ ಸುಣ್ಣದ ಬೆರಳು ತೋರಿಸಿ, "ಆ ಗಿಡ ನೆಟ್ಟವನು ಯಾರು?" ಅಂದ್ರು.

"ಯಾರೂ ನೆಟ್ಟಿಲ್ಲ ಅಪ್ಪ, ಗೇಮಲ್ಲಿ ಇರೋದು."

"ಅಂತರ ಸಮ ಇದೆಯಲ್ಲ. ಅಳೆದು ಗುಂಡಿ ತೆಗೆದಿದ್ದಾರೆ." ಆಮೇಲೆ ಸ್ವಲ್ಪ ಬಗ್ಗಿ ನೋಡಿ, "ಎರಡು ಗಿಡದಲ್ಲಿ ಒಂದೊಂದೇ ಹಣ್ಣು, ಅದೂ ಒಂದೇ ಕಡೆ. ಮೂರನೆಯದರಲ್ಲಿ ಜಾಸ್ತಿ ಇದೆ. ಅದನ್ನ ಕೊಯ್ದು ಹಾಕು ಅತ್ಲಾಗಿ, ಸರಿ ಕಾಣಲ್ಲ."

ಕೊಯ್ದೆ. ಮೂರೂ ಮರ ಒಂದೇ ಥರ ಆಯ್ತು. ಪುಸ್ಸಂತ ಎಲೆ ಮುಖದವನು ಎದ್ದು ಬಂದು ಕೈಯಲ್ಲಿ ಬೀಜ ಇಟ್ಟ. ನಂಗೆ ಮಾತೇ ಬರಲಿಲ್ಲ. ಅಪ್ಪ ಮಾತ್ರ, ಇದಕ್ಕೆ ಇಷ್ಟೇನಾ ಕೊಡೋದು ಅಂದ್ರು.

ಅಲ್ಲಿಂದ ದಿನಾ ಸಂಜೆ ಸುಣ್ಣದ ಡಬ್ಬಿ ಹಿಡ್ಕೊಂಡು ಬಂದು ಕೂರ್ತಾರೆ. ಬೆಟ್ಟದ ಮೇಲೆ ಒಂಟಿ ಕಲ್ಲು ಕಂಡ್ರೆ "ಸರ್ವೆ ಕಲ್ಲು, ಎತ್ತಿ ನೋಡು" ಅಂತಾರೆ. ಶತ್ರುಗಳು ಬಂದಾಗ ಮಾತ್ರ ಎದ್ದು ಹೋಗ್ತಾರೆ, ಅದು ಅವರಿಗೆ ಆಗಿಬರಲ್ಲ. ಮೊನ್ನೆ ರಾತ್ರಿ ಹನ್ನೆರಡನೇ ಬೀಜ ಸಿಕ್ತು, ಹೆಸ್ಟು ಕುಣಿದು ಆರನೇ ಜಾಗ ತೆಗೆದುಕೊಟ್ಟ. ಒಟ್ಟು 31. ಈ ಹನ್ನೆರಡರಲ್ಲಿ ನಾನು ಕಂಡದ್ದು ನಾಲ್ಕು, ಉಳಿದ ಎಂಟೂ ಅಪ್ಪನದ್ದು. ಮುಂದಿನದಕ್ಕೆ 17 ಬೇಕಂತೆ ಅಂದೆ. ಅಪ್ಪ ಲೆಕ್ಕ ಹಾಕಿ, "ಇವನು ರೇಟ್ ಏರಿಸ್ತಾನೇ ಇದ್ದಾನಲ್ಲ, ಬೇರೆ ವ್ಯಾಪಾರಿ ಇಲ್ವಾ?" ಅಂತ ಕೇಳಿದ್ರು.

ವೈರ್‌ಲೆಸ್ ಅಣ್ಣ, ಬೇರೆ ಯಾರಾದ್ರೂ ಇದ್ದಾರಾ?

ವಿರಾಜಪೇಟೆ_ವೈರ್‌ಲೆಸ್ · ಆಗಸ್ಟ್ 4, ಬೆಳಿಗ್ಗೆ 9:40

ಇಲ್ಲ. ಅಪ್ಪನಿಗೆ ಹೇಳು, ಅವನೊಬ್ಬನೇ ಕೊಳ್ಳೋದು.